ಹಸಿವಿಗೆ ವಾಯಿದೆಯಿಲ್ಲ

ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಎಂಬ ಗಾದೆಯನ್ನು ಕೇಳದ ಕನ್ನಡಿಗರು ವಿರಳ. ದಾಂಪತ್ಯದಲ್ಲಿ ಎಂಥ ವಿರಸ ಬಂದರೂ ರಾತ್ರಿಯ ಊಟದೊಂದಿಗೆ ಅದು ಕರಗಿಹೋಗುತ್ತದೆ ಎಂಬ ನಂಬಿಕೆ ಆ ಮಾತಿನ ಹಿಂದಿದೆ. ಬಾಯಿಬಿಟ್ಟು ಹೇಳದಿದ್ದರೂ ಗಾದೆ ಇನ್ನೊಂದು ಸಂಗತಿಯನ್ನು ಒಪ್ಪಿಕೊಂಡೇ ಹೊರಟಿದೆ. ಜಗಳವಾಡಿದ ಇಬ್ಬರಿಗೂ ಆ ರಾತ್ರಿ ಉಣ್ಣಲು ಅನ್ನವಿದೆ, ಮಲಗಲು ಒಂದೇ ಸೂರಿದೆ. ಹೆಂಡತಿಯನ್ನು ಮಕ್ಕಳ ಸಮೇತ ಹೊರಗೆ ಹಾಕಿ ಬಾಗಿಲು ಮುಚ್ಚಿದ ಮೇಲೆ ಜಗಳ ಹಾಗೆ ಮುಗಿಯುವುದಿಲ್ಲ. ಅದು ಕೋರ್ಟಿನ ಮೆಟ್ಟಿಲು ಹತ್ತುತ್ತದೆ, ವರ್ಷಗಟ್ಟಲೆ ನಡೆಯುತ್ತದೆ. ಅಷ್ಟು ವರ್ಷ ಆಕೆ ಮಕ್ಕಳಿಗೆ ಉಣ್ಣಲಿಕ್ಕೆ ಏನು ಬಡಿಸಬೇಕು?

ಈ ಪ್ರಶ್ನೆಗೆ ಕಾನೂನು ಕೊಡುವ ಉತ್ತರಕ್ಕೆ ಮಧ್ಯಂತರ ಜೀವನಾಂಶ ಎಂದು ಹೆಸರು. ತಪ್ಪು ಯಾರದು, ಮದುವೆ ಉಳಿಯುತ್ತದೆಯೋ ಮುರಿಯುತ್ತದೆಯೋ, ಕೊನೆಗೆ ಎಷ್ಟು ಹಣ ಸಲ್ಲಬೇಕು ಎಂಬುದೆಲ್ಲ ತೀರ್ಮಾನವಾಗುವ ಮುಂಚೆಯೇ, ವ್ಯಾಜ್ಯ ನಡೆಯುವ ಅವಧಿಗೆಂದು ಗಂಡ ತಿಂಗಳು ತಿಂಗಳೂ ಕೊಡಬೇಕಾದ ಹಣ ಅದು. ಇಂದು ನ್ಯಾಯಾಲಯಗಳಲ್ಲಿ ಅದು ತೀರ ಸಾಮಾನ್ಯವಾದ ಆದೇಶ. ಮೊದಲಿನಿಂದಲೂ ಹೀಗೆಯೇ ಇತ್ತೆಂದು ಯಾರಾದರೂ ಭಾವಿಸಿದರೆ ಆಶ್ಚರ್ಯವಿಲ್ಲ. ಆದರೆ ಇತಿಹಾಸ ಬೇರೆ ಮಾತು ಹೇಳುತ್ತದೆ. ಹೆಂಡತಿ ಮಕ್ಕಳನ್ನು ಸಾಕುವುದು ಗಂಡನ ಹೊಣೆ ಎಂಬ ವಿಧಿ ಧರ್ಮಶಾಸ್ತ್ರಗಳಷ್ಟು ಹಳೆಯದು. ಆ ಹೊಣೆಯನ್ನು ಮ್ಯಾಜಿಸ್ಟ್ರೇಟರ ಮೂಲಕ ಜಾರಿ ಮಾಡಿಸುವ ಕಾನೂನಿಗೂ ನೂರ ಅರವತ್ತು ವರ್ಷ ದಾಟಿದೆ. 'ತೀರ್ಪು ಬರುವ ತನಕ ಏನು ಗತಿ?' ಎಂಬುದಕ್ಕೆ ಮಾತ್ರ ಬಡ ಹೆಂಗಸಿಗೆ ದೇಶವಿಡೀ ಒಪ್ಪುವ ಉತ್ತರ ಸಿಕ್ಕಿದ್ದು 1985ರಲ್ಲಿ. ಅದು ಶಾಸನದ ಅಕ್ಷರಗಳಲ್ಲಿ ಮೂಡಿದ್ದು 2001ರಲ್ಲಿ. ಹೊಣೆಯನ್ನು ಒಪ್ಪಿಕೊಳ್ಳುವುದಕ್ಕೂ ಹೊತ್ತಿಗೆ ಸರಿಯಾಗಿ ಅದನ್ನು ನೆರವೇರಿಸುವುದಕ್ಕೂ ನಡುವೆ ಎಷ್ಟು ದೂರವಿದೆ ಎಂಬುದಕ್ಕೆ ಈ ಕಥೆಗಿಂತ ಬೇರೆ ಸಾಕ್ಷಿ ಬೇಕಿಲ್ಲ.

ಕಲ್ಯಾಣದಲ್ಲಿ ಬರೆದ ಗ್ರಂಥ

ಕಥೆಯ ಒಂದು ಎಳೆ ಕರ್ನಾಟಕದಲ್ಲಿಯೇ ಇದೆ. ಕಲ್ಯಾಣದ ಚಾಲುಕ್ಯರ ಆರನೆಯ ವಿಕ್ರಮಾದಿತ್ಯ 1076ರಿಂದ 1126ರ ವರೆಗೆ ಆಳಿದ. ಅವನ ಆಶ್ರಯದಲ್ಲಿ, ಇಂದಿನ ಬೀದರ್ ಜಿಲ್ಲೆಯ ಬಸವಕಲ್ಯಾಣವಾಗಿರುವ ರಾಜಧಾನಿಯಲ್ಲಿ, ವಿಜ್ಞಾನೇಶ್ವರನೆಂಬ ಪಂಡಿತ ಯಾಜ್ಞವಲ್ಕ್ಯ ಸ್ಮೃತಿಗೆ 'ಮಿತಾಕ್ಷರಾ' ಎಂಬ ವ್ಯಾಖ್ಯಾನ ಬರೆದ. ಬಂಗಾಳದ ಕಡೆಯೊಂದನ್ನು ಬಿಟ್ಟರೆ ಭಾರತದ ಬಹುಭಾಗದ ಹಿಂದೂ ನ್ಯಾಯಕ್ಕೆ ಶತಮಾನಗಳ ಕಾಲ ಆಧಾರವಾಗಿದ್ದುದು ಈ ಗ್ರಂಥವೇ.

ಹೇಳಿದ ಮಾತು ಕೇಳುವ, ಕೆಲಸದಲ್ಲಿ ಜಾಣೆಯಾದ, ಗಂಡುಮಗನನ್ನು ಹೆತ್ತ, ಸವಿಯಾಗಿ ಮಾತಾಡುವ ಹೆಂಡತಿಯನ್ನು ತೊರೆಯುವ ಗಂಡನ ವಿಚಾರದಲ್ಲಿ ಯಾಜ್ಞವಲ್ಕ್ಯ ಸ್ಮೃತಿ ಒಂದು ಸ್ಪಷ್ಟ ವಿಧಿಯನ್ನು ಹೇಳುತ್ತದೆ. ಅಂಥವನಿಂದ ಅವನ ಸ್ವತ್ತಿನ ಮೂರನೆಯ ಒಂದು ಪಾಲನ್ನು ಆಕೆಗೆ ಕೊಡಿಸಬೇಕು. ಸ್ವತ್ತಿಲ್ಲದವನಾದರೆ ಆಕೆಯ ಹೊಟ್ಟೆಬಟ್ಟೆಯ ವೆಚ್ಚವನ್ನಾದರೂ ಕೊಡಿಸಬೇಕು. ಇಲ್ಲಿ ಸ್ಮೃತಿಕಾರ ಬಳಸಿದ ಕ್ರಿಯಾಪದ 'ಕೊಡಬೇಕು' ಎಂದಲ್ಲ, 'ಕೊಡಿಸಬೇಕು' ಎಂದು. ಇದು ಗಂಡನ ಮನಸ್ಸಿಗೆ ಬಿಟ್ಟ ದಾನವಲ್ಲ. ಇನ್ನೊಬ್ಬರು, ಅಂದರೆ ರಾಜನೋ ಅವನ ಧರ್ಮಾಧಿಕಾರಿಯೋ, ಅವನ ಕೈಯಿಂದ ತೆಗೆಸಿಕೊಡಬೇಕಾದ ಬಾಕಿ. ಮುಪ್ಪಾದ ತಂದೆತಾಯಿ, ಸಾಧ್ವಿಯಾದ ಹೆಂಡತಿ, ಎಳೆಯ ಮಗು ಇವರನ್ನು ಎಂಥ ಕಷ್ಟ ಬಂದರೂ, ಮಾಡಬಾರದ ಕೆಲಸ ಮಾಡಿಯಾದರೂ ಸಾಕಬೇಕು ಎಂಬ ಅಭಿಪ್ರಾಯವೊಂದು ಮನುವಿನ ಹೆಸರಿನಲ್ಲಿ ವ್ಯಾಖ್ಯಾನಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಗ್ರಾಸಾಚ್ಛಾದನ, ಎಂದರೆ ತುತ್ತು ಅನ್ನ ಮತ್ತು ಮೈಮುಚ್ಚುವ ಬಟ್ಟೆ, ಎಂಬುದು ಇಂಥ ಹಕ್ಕಿಗೆ ಶಾಸ್ತ್ರಗಳು ಕೊಟ್ಟ ಹೆಸರು.

ಹಳೆಯದೆಲ್ಲ ಚಿನ್ನವೆಂದು ಭ್ರಮಿಸಬೇಕಾಗಿಲ್ಲ. ಯಾಜ್ಞವಲ್ಕ್ಯನ ವಿಧಿಯಲ್ಲಿರುವ ಷರತ್ತುಗಳನ್ನು ಗಮನಿಸಿದರೆ ಸಾಕು. ಮಾತು ಕೇಳದವಳಿಗೆ, ಬರೀ ಹೆಣ್ಣನ್ನೇ ಹೆತ್ತವಳಿಗೆ, ಬಿರುನುಡಿಯವಳಿಗೆ ಆ ಮೂರನೆಯ ಒಂದು ಪಾಲಿನ ಭರವಸೆ ಅಲ್ಲಿಲ್ಲ. ಆದರೂ ಎರಡು ತತ್ತ್ವಗಳು ಅಲ್ಲಿ ಬೇರೂರಿದ್ದವು. ಆಸ್ತಿ ಇಲ್ಲವೆಂಬ ಕಾರಣಕ್ಕೆ ಗಂಡ ಈ ಹೊಣೆಯಿಂದ ಪಾರಾಗುವಂತಿಲ್ಲ. ಅವನು ತಾನಾಗಿ ಕೊಡದಿದ್ದರೆ ಆಳುವವರು ಕೊಡಿಸಬೇಕು. 1810ರಲ್ಲಿ ಕೋಲ್‌ಬ್ರೂಕ್ ಮಿತಾಕ್ಷರಾದ ದಾಯಭಾಗದ ಪ್ರಕರಣವನ್ನು ಇಂಗ್ಲಿಷಿಗೆ ಅನುವಾದಿಸಿದ. ಕಂಪನಿಯ ನ್ಯಾಯಾಧೀಶರಿಗೆ ತುರ್ತಾಗಿ ಬೇಕಾಗಿದ್ದುದು ಆಸ್ತಿ ಯಾರಿಗೆ ಸೇರುತ್ತದೆ ಎಂಬ ವಿಚಾರ. ಬೀದಿಗೆ ಬಿದ್ದ ಹೆಂಡತಿಯ ಪ್ರಶ್ನೆಗೆ ಅವರು ಉತ್ತರ ಹುಡುಕಿದ್ದು ಅರ್ಧ ಶತಮಾನದ ನಂತರ, ಅದೂ ಬೇರೆಯೇ ಒಂದು ಕಡೆಯಲ್ಲಿ.

ಐವತ್ತು ರೂಪಾಯಿಯ ಮಿತಿ

ಆ ಬೇರೆ ಕಡೆ ಯಾವುದೆಂದರೆ ದಂಡ ಪ್ರಕ್ರಿಯಾ ಸಂಹಿತೆ. ಕಳ್ಳರನ್ನು ಹಿಡಿಯುವುದು, ಜಾಮೀನು ಕೊಡುವುದು, ವಿಚಾರಣೆ ನಡೆಸುವುದು ಹೇಗೆಂದು ಹೇಳುವ ಕಾನೂನು ಅದು. 1861ರ ಮೊದಲ ಸಂಹಿತೆಯಲ್ಲಿಯೇ, 316ನೇ ಕಲಂನಲ್ಲಿ, ಹೆಂಡತಿ ಮಕ್ಕಳನ್ನು ಸಾಕಲು ಶಕ್ತಿಯಿದ್ದೂ ಸಾಕದ ಗಂಡನಿಗೆ ತಿಂಗಳಿಗೆ ಐವತ್ತು ರೂಪಾಯಿ ಮೀರದಂತೆ ಜೀವನಾಂಶ ಕೊಡಲು ಆಜ್ಞಾಪಿಸುವ ಅಧಿಕಾರವನ್ನು ಮ್ಯಾಜಿಸ್ಟ್ರೇಟರಿಗೆ ಕೊಡಲಾಯಿತು. ಔರಸರಲ್ಲದ ಮಕ್ಕಳೂ ಇದರ ವ್ಯಾಪ್ತಿಗೆ ಬಂದರು. ಹಿಂದೂ, ಮುಸ್ಲಿಂ, ಕ್ರೈಸ್ತ ಎಂಬ ಭೇದ ಇದಕ್ಕಿರಲಿಲ್ಲ.

ಸಂಸಾರದ ವಿಚಾರ ಅಪರಾಧದ ಕಾನೂನಿಗೆ ಬಂದದ್ದೇಕೆ? 1872ರ ಸಂಹಿತೆಯ ಹೊಣೆ ಹೊತ್ತಿದ್ದ, ವೈಸರಾಯರ ಮಂಡಲಿಯ ಕಾನೂನು ಸದಸ್ಯ ಜೇಮ್ಸ್ ಫಿಟ್ಸ್‌ಜೇಮ್ಸ್ ಸ್ಟೀಫನ್ ಇದಕ್ಕೆ ಕಾರಣ ಹೇಳಿದ್ದಾನೆ. ಅವನ ಪ್ರಕಾರ ಇದು ಅಲೆಮಾರಿತನವನ್ನು, ಇಲ್ಲವೇ ಅದರ ದುಷ್ಪರಿಣಾಮಗಳನ್ನು ತಡೆಯುವ ಉಪಾಯ. ಕೈಬಿಟ್ಟ ಹೆಂಡತಿ ಮಕ್ಕಳು ಹಸಿವಿನಿಂದ ಬೀದಿಗೆ ಬಿದ್ದರೆ ಭಿಕ್ಷೆ, ಕಳವು ಹೆಚ್ಚುತ್ತವೆ, ಊರಿನ ಶಾಂತಿ ಕೆಡುತ್ತದೆ. ಸರಕಾರದ ಕಾಳಜಿ ಹೆಂಗಸಿನ ಮೇಲಿದ್ದುದಕ್ಕಿಂತ ಬೀದಿಯ ಮೇಲೆಯೇ ಹೆಚ್ಚಾಗಿತ್ತು. ಆದರೂ ಈ ಏರ್ಪಾಡಿನಿಂದ ಒಂದು ಲಾಭವಾಯಿತು. ಸಿವಿಲ್ ದಾವೆ ಹೂಡಲು ಹಣ, ವ್ಯವಧಾನ ಎರಡೂ ಇಲ್ಲದವಳಿಗೆ ಹತ್ತಿರದ ಮ್ಯಾಜಿಸ್ಟ್ರೇಟರ ಬಳಿ ಹೋಗುವ ಸುಲಭದ ದಾರಿಯೊಂದು ತೆರೆಯಿತು. ಆದೇಶ ಪಾಲಿಸದವನ ಸ್ವತ್ತಿನಿಂದ ಹಣವನ್ನು ದಂಡದಂತೆ ವಸೂಲು ಮಾಡಬಹುದಿತ್ತು, ಜೈಲಿಗೂ ಕಳಿಸಬಹುದಿತ್ತು.

1872ರಲ್ಲಿ ಈ ಕಲಂ 536ನೆಯದಾಯಿತು. 1882ರ ಮತ್ತು 1898ರ ಸಂಹಿತೆಗಳಲ್ಲಿ 488ನೆಯದಾಯಿತು. ಹಳೆಯ ವಕೀಲರ ಬಾಯಲ್ಲಿ ಬಹುಕಾಲ 'ನಾನೂರ ಎಂಬತ್ತೆಂಟು' ಎಂದೇ ಅದು ಉಳಿಯಿತು. ಸಂಖ್ಯೆ ಬದಲಾದಷ್ಟು ಸುಲಭವಾಗಿ ಮೊತ್ತ ಬದಲಾಗಲಿಲ್ಲ. ಐವತ್ತು ರೂಪಾಯಿ ನೂರಾಗಲು 1923ರ ತನಕ ಕಾಯಬೇಕಾಯಿತು. ನೂರು ಐನೂರಾದದ್ದು 1955ರಲ್ಲಿ. ಆ ಐನೂರು ಕೇಂದ್ರದ ಕಾನೂನಿನಲ್ಲಿ 2001ರ ವರೆಗೆ, ಅಂದರೆ ನಲವತ್ತಾರು ವರ್ಷ, ಕದಲಲಿಲ್ಲ. ಈ ನಡುವೆ ಬೆಲೆಗಳು ಎಲ್ಲಿಂದ ಎಲ್ಲಿಗೆ ಏರಿದವೆಂಬುದನ್ನು ಆ ಕಾಲದಲ್ಲಿ ಸಂಸಾರ ತೂಗಿಸಿದವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಮಹಾರಾಷ್ಟ್ರ, ಪಶ್ಚಿಮ ಬಂಗಾಳದಂಥ ಕೆಲವು ರಾಜ್ಯಗಳು ತಮ್ಮ ಮಟ್ಟಿಗೆ ಮಿತಿಯನ್ನು ಏರಿಸಿಕೊಂಡವು.

ಮಿತಿಯೊಂದೇ ಕೊರತೆಯಾಗಿರಲಿಲ್ಲ. 'ನನ್ನ ಜೊತೆ ಬಂದು ಇರಲಿ, ಸಾಕುತ್ತೇನೆ' ಎಂದು ಗಂಡ ಕೋರ್ಟಿನಲ್ಲಿ ಹೇಳಿಬಿಟ್ಟರೆ ಹೆಂಡತಿಯ ಅರ್ಜಿ ಕುಂಟತೊಡಗುತ್ತಿತ್ತು. ಮನೆಯಲ್ಲಿ ಸವತಿಯಿದ್ದರೂ ಅದೇ ಮಾತು. ಗಂಡ ಇನ್ನೊಂದು ಮದುವೆಯಾಗಿದ್ದರೆ ಅಥವಾ ಇನ್ನೊಬ್ಬಳನ್ನು ಇಟ್ಟುಕೊಂಡಿದ್ದರೆ ಬೇರೆ ಇರಲು ಅದೇ ನ್ಯಾಯವಾದ ಕಾರಣ ಎಂದು ಕಾನೂನಿಗೆ ಸೇರಿಸಿದ್ದು 1949ರಲ್ಲಿ. ಜೀವನಾಂಶದ ಆದೇಶ ಬರುತ್ತಲೇ ವಿಚ್ಛೇದನ ಕೊಟ್ಟು 'ಈಕೆ ಈಗ ನನ್ನ ಹೆಂಡತಿಯಲ್ಲ' ಎನ್ನುವ ಉಪಾಯವೂ ಇತ್ತು. 1974ರ ಏಪ್ರಿಲ್ 1ರಂದು ಜಾರಿಗೆ ಬಂದ 1973ರ ಹೊಸ ಸಂಹಿತೆ ತನ್ನ 125ನೇ ಕಲಂನಲ್ಲಿ, ಮರುಮದುವೆಯಾಗದ ವಿಚ್ಛೇದಿತೆಯನ್ನೂ 'ಹೆಂಡತಿ' ಎಂಬ ಪದದೊಳಗೆ ಸೇರಿಸಿ ಆ ಬಾಗಿಲನ್ನು ಮುಚ್ಚಿತು. ದುಡಿಯಲಾಗದ ತಂದೆತಾಯಿಗೂ ಅದರಲ್ಲಿ ಜಾಗ ಸಿಕ್ಕಿತು. 1978ರಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಈ ಕಲಂ ಇರುವುದು ಹೆಂಗಸರು ಮಕ್ಕಳ ರಕ್ಷಣೆಗಾಗಿ, ಸಾಮಾಜಿಕ ನ್ಯಾಯಕ್ಕಾಗಿ ಎಂದರು. ಸ್ಟೀಫನ್ ಕಂಡ ಬೀದಿಯ ಶಾಂತಿಯಿಂದ ಸಂವಿಧಾನ ಕಂಡ ಹೆಣ್ಣಿನ ಮರ್ಯಾದೆಗೆ ಕಾನೂನಿನ ಉದ್ದೇಶ ಬಂದು ಮುಟ್ಟಲು ನೂರು ವರ್ಷ ಹಿಡಿಯಿತು.

ಉಳ್ಳವರಿಗೊಂದು ದಾರಿ, ಇಲ್ಲದವರಿಗೊಂದು

ಇಷ್ಟೆಲ್ಲ ಆದರೂ ಹೊಸ ಸಂಹಿತೆಯಲ್ಲಿ ಒಂದು ಮಾತು ಬಿಟ್ಟುಹೋಗಿತ್ತು. ತೀರ್ಪಿನ ತನಕ ಏನು ಎಂಬುದರ ಬಗ್ಗೆ 125ನೇ ಕಲಂ ಮೌನವಾಗಿತ್ತು.

ಈ ಯೋಚನೆ ಭಾರತದ ಕಾನೂನಿಗೆ ಗೊತ್ತಿರಲಿಲ್ಲವೆಂದಲ್ಲ. ಇಂಗ್ಲೆಂಡಿನಲ್ಲಿ ಮದುವೆಯ ವ್ಯಾಜ್ಯಗಳು ಚರ್ಚಿನ ನ್ಯಾಯಾಲಯಗಳಲ್ಲಿ ನಡೆಯುತ್ತಿದ್ದ ಕಾಲದಲ್ಲಿಯೇ ದಾವೆಯ ಅವಧಿಗೆ ಹೆಂಡತಿಗೆ ವೆಚ್ಚ ಕೊಡಿಸುವ ಪದ್ಧತಿಯಿತ್ತು. ಮದುವೆಯಾದ ಕೂಡಲೇ ಹೆಣ್ಣಿನ ಸ್ವತ್ತು ಗಂಡನ ಕೈಸೇರುತ್ತಿದ್ದ ಆ ದೇಶದಲ್ಲಿ, ಗಂಡನ ಹಣವಿಲ್ಲದೆ ಆಕೆ ಅವನ ಮೇಲೆ ವ್ಯಾಜ್ಯ ನಡೆಸುವುದು ಸಾಧ್ಯವೇ ಇರಲಿಲ್ಲ. ಅದೇ ಪದ್ಧತಿ 1869ರ ಭಾರತೀಯ ವಿಚ್ಛೇದನ ಕಾಯಿದೆಯ 36ನೇ ಕಲಂ ಆಗಿ ಇಲ್ಲಿನ ಕ್ರೈಸ್ತ ಹೆಂಡತಿಯರಿಗೆ ದೊರೆಯಿತು. ಅದಕ್ಕೂ ಒಂದು ಗಡಿಯಿತ್ತು. ಗಂಡನ ಹಿಂದಿನ ಮೂರು ವರ್ಷಗಳ ಸರಾಸರಿ ನಿವ್ವಳ ಆದಾಯದ ಐದನೆಯ ಒಂದು ಪಾಲನ್ನು ಆ ಹಣ ಮೀರುವಂತಿರಲಿಲ್ಲ. ಪಾರ್ಸಿಗಳಿಗೆ 1936ರ ಕಾಯಿದೆಯಲ್ಲಿ, 1954ರ ವಿಶೇಷ ವಿವಾಹ ಕಾಯಿದೆಯಡಿ ಮದುವೆಯಾದವರಿಗೆ ಆ ಕಾಯಿದೆಯಲ್ಲಿ, ಹಿಂದೂಗಳಿಗೆ 1955ರ ಹಿಂದೂ ವಿವಾಹ ಕಾಯಿದೆಯ 24ನೇ ಕಲಂನಲ್ಲಿ ಇಂಥದೇ ಏರ್ಪಾಡುಗಳು ಬಂದವು. ಹಿಂದೂ ಕಾಯಿದೆಯಲ್ಲಿ ಒಂದು ವಿಶೇಷವಿದೆ. ಸ್ವಂತ ವರಮಾನವಿಲ್ಲದ ಗಂಡನೂ ಗಳಿಸುವ ಹೆಂಡತಿಯಿಂದ ವ್ಯಾಜ್ಯದ ಅವಧಿಯ ಜೀವನಾಂಶ ಕೇಳಬಹುದು.

ಆದರೆ ಇವೆಲ್ಲ ಸಿಕ್ಕುತ್ತಿದ್ದುದು ವಿಚ್ಛೇದನವೋ, ಬೇರ್ಪಡೆಯೋ, ದಾಂಪತ್ಯದ ಪುನಃಸ್ಥಾಪನೆಯೋ, ಯಾವುದಾದರೂ ದೊಡ್ಡ ದಾವೆ ಸಿವಿಲ್ ಕೋರ್ಟಿನಲ್ಲಿದ್ದಾಗ. ಮದುವೆ ಮುರಿಯುವ ಇಚ್ಛೆಯೇ ಇಲ್ಲದ, ಬರೀ ಅನ್ನಬಟ್ಟೆ ಕೇಳಲು ಬಂದ ಹೆಂಗಸಿಗೆ ಇದ್ದುದು ಮ್ಯಾಜಿಸ್ಟ್ರೇಟರ ಕೋರ್ಟು. ಅಲ್ಲಿ ಆಕೆ ಅರ್ಜಿ ಹಾಕುತ್ತಿದ್ದಳು. ಗಂಡನಿಗೆ ಸಮನ್ಸ್ ಹೋಗುತ್ತಿತ್ತು. ಅವನು ಊರಲ್ಲಿಲ್ಲವೆಂದು ಅದು ಮರಳುತ್ತಿತ್ತು. ಕೊನೆಗೊಮ್ಮೆ ಅವನು ಹಾಜರಾದರೆ ವಕೀಲರು ಮೇಲರ್ಜಿಗೆ ಉತ್ತರ ಬರೆಯಲು ವಾಯಿದೆ ಕೇಳುತ್ತಿದ್ದರು. ಆಮೇಲೆ ಸಾಕ್ಷಿ, ಪಾಟೀಸವಾಲು. ಮದುವೆಯೇ ಆಗಿಲ್ಲವೆಂಬ ವಾದ. ಮ್ಯಾಜಿಸ್ಟ್ರೇಟರ ವರ್ಗಾವಣೆ. ಪ್ರತಿ ತಾರೀಖಿಗೂ ಮಗುವನ್ನು ಕಂಕುಳಲ್ಲಿ ಎತ್ತಿಕೊಂಡು, ಸಾಲ ತಂದ ಬಸ್ ಚಾರ್ಜಿನಲ್ಲಿ ತಾಲ್ಲೂಕು ಕೇಂದ್ರಕ್ಕೆ ಬಂದು, ಸಂಜೆ ಮುಂದಿನ ತಾರೀಖು ತಿಳಿದುಕೊಂಡು ಹೋಗುವ ಹೆಂಗಸರು ಯಾವ ಕೋರ್ಟಿನ ಆವರಣದಲ್ಲಿಯೂ ಕಾಣಸಿಗುತ್ತಿದ್ದರು. ಬೇಗ ಪರಿಹಾರ ಸಿಗಲೆಂದೇ ರೂಪಿಸಿದ್ದ ದಾರಿ ಹೀಗೆ ಉದ್ದವಾಯಿತು.

ಈ ತಡ ಗಂಡನಿಗೆ ಲಾಭದ ಬಾಬತ್ತೂ ಆಗಿತ್ತು. ಕಾಯಿದೆಯ ಪ್ರಕಾರ ಜೀವನಾಂಶ ಸಲ್ಲುತ್ತಿದ್ದುದು ಆದೇಶದ ದಿನದಿಂದ; ಮ್ಯಾಜಿಸ್ಟ್ರೇಟರು ಹಾಗೆಂದು ಹೇಳಿದರೆ ಮಾತ್ರ ಅರ್ಜಿಯ ದಿನದಿಂದ. ಆದೇಶ ಎಷ್ಟು ತಡವಾದರೆ ಅಷ್ಟು ತಿಂಗಳ ಹಣ ಉಳಿಯುವ ಸಂಭವವಿತ್ತು. ಗೆದ್ದವನು ಸೋತ, ಸೋತವನು ಸತ್ತ ಎಂದು ಕೋರ್ಟಿನ ವ್ಯಾಜ್ಯದ ಬಗ್ಗೆ ಜನ ಆಡಿಕೊಳ್ಳುತ್ತಾರೆ. ಈ ವ್ಯಾಜ್ಯದಲ್ಲಿ ಎಳೆದಾಡಿದವನೇ ಗೆದ್ದ.

1985ರ ಎರಡು ತೀರ್ಪುಗಳು

ಮಧ್ಯಂತರ ಆದೇಶ ಕೊಡುವ ಅಧಿಕಾರ ಮ್ಯಾಜಿಸ್ಟ್ರೇಟರಿಗೆ ಇದೆಯೇ ಎಂಬುದರಲ್ಲಿ ಒಮ್ಮತವಿರಲಿಲ್ಲ. ಶಾಸನದಲ್ಲಿ ಬರೆದಿಲ್ಲದ ಅಧಿಕಾರವನ್ನು ಮ್ಯಾಜಿಸ್ಟ್ರೇಟರು ಚಲಾಯಿಸುವಂತಿಲ್ಲ ಎಂಬುದು ಒಂದು ವಾದ. ಬರೆದಿಲ್ಲದ ಮಾತ್ರಕ್ಕೆ ನಿಷೇಧಿಸಿದಂತಾಗುವುದಿಲ್ಲ ಎಂಬುದು ಇನ್ನೊಂದು.

ಈ ಪ್ರಶ್ನೆ ಇತ್ಯರ್ಥವಾದ 1985ನೇ ಇಸವಿ ಜೀವನಾಂಶದ ಇನ್ನೊಂದು ತೀರ್ಪಿನಿಂದಾಗಿ ದೇಶಕ್ಕೆಲ್ಲ ನೆನಪಿದೆ. ಇಂದೋರಿನ ವಕೀಲರೊಬ್ಬರನ್ನು 1932ರಲ್ಲಿ ಮದುವೆಯಾಗಿದ್ದ ಶಾ ಬಾನೊ ಎಂಬಾಕೆಯನ್ನು 1975ರಲ್ಲಿ ಮನೆಯಿಂದ ಹೊರಗೆ ಹಾಕಲಾಗಿತ್ತು. 1978ರ ಏಪ್ರಿಲ್‌ನಲ್ಲಿ ತಿಂಗಳಿಗೆ ಐನೂರು ರೂಪಾಯಿ ಜೀವನಾಂಶ ಕೋರಿ ಆಕೆ ಅರ್ಜಿ ಹಾಕಿದಳು. ಆ ವರ್ಷದ ನವೆಂಬರ್‌ನಲ್ಲಿ ಗಂಡ ತಲಾಖ್ ಕೊಟ್ಟ. ಮ್ಯಾಜಿಸ್ಟ್ರೇಟರ ಆದೇಶ ಬಂದದ್ದು 1979ರ ಆಗಸ್ಟ್‌ನಲ್ಲಿ, ಹದಿನಾರು ತಿಂಗಳ ಮೇಲೆ. ಕೊಡಿಸಿದ ಮೊತ್ತ ತಿಂಗಳಿಗೆ ಇಪ್ಪತ್ತೈದು ರೂಪಾಯಿ. 1980ರಲ್ಲಿ ಮಧ್ಯಪ್ರದೇಶ ಹೈಕೋರ್ಟು ಅದನ್ನು 179 ರೂಪಾಯಿ 20 ಪೈಸೆಗೆ ಏರಿಸಿತು. ಗಂಡ ಸುಪ್ರೀಂ ಕೋರ್ಟಿಗೆ ಹೋದ. 1985ರ ಏಪ್ರಿಲ್ 23ರಂದು ಮುಖ್ಯ ನ್ಯಾಯಮೂರ್ತಿ ವೈ.ವಿ. ಚಂದ್ರಚೂಡ್ ನೇತೃತ್ವದ ಐವರು ನ್ಯಾಯಾಧೀಶರ ಪೀಠ ಅವನ ಮೇಲ್ಮನವಿಯನ್ನು ವಜಾ ಮಾಡಿತು. ಅದರ ಬೆನ್ನಿಗೆ ಎದ್ದ ವಿವಾದ, 1986ರಲ್ಲಿ ಸಂಸತ್ತು ಮುಸ್ಲಿಂ ವಿಚ್ಛೇದಿತೆಯರಿಗಾಗಿ ಮಾಡಿದ ಪ್ರತ್ಯೇಕ ಕಾಯಿದೆ, ಅದರ ರಾಜಕೀಯ ಎಲ್ಲವೂ ಸುಪರಿಚಿತ. ತಿಂಗಳಿಗೆ 179 ರೂಪಾಯಿಗಾಗಿ ಆ ವೃದ್ಧೆ ಏಳು ವರ್ಷ ಕಾಯ್ದಳೆಂಬುದು ಮಾತ್ರ ಆ ಗದ್ದಲದಲ್ಲಿ ಹಿಂದೆ ಸರಿಯಿತು.

ಅದೇ ವರ್ಷ ಅಕ್ಟೋಬರ್ 9ರಂದು, ಹೆಚ್ಚು ಸದ್ದುಗದ್ದಲವಿಲ್ಲದೆ, ಇನ್ನೊಂದು ತೀರ್ಪು ಹೊರಬಿತ್ತು. ವಕೀಲರು 'ಸಾವಿತ್ರಿ ಪ್ರಕರಣ' ಎಂದು ಕರೆಯುವ ಅದನ್ನು ಬರೆದವರು ಮಂಡ್ಯ ಜಿಲ್ಲೆಯಿಂದ ಬಂದ, 1989ರಲ್ಲಿ ಭಾರತದ ಮುಖ್ಯ ನ್ಯಾಯಮೂರ್ತಿಯೂ ಆದ ನ್ಯಾಯಮೂರ್ತಿ ಇ.ಎಸ್. ವೆಂಕಟರಾಮಯ್ಯನವರು. ಅವರ ಮುಂದಿದ್ದುದು ಒಂದೇ ಪ್ರಶ್ನೆ. ಸಂಹಿತೆಯಲ್ಲಿ ಸ್ಪಷ್ಟವಾಗಿ ಹೇಳಿಲ್ಲದಿರುವಾಗ ಮ್ಯಾಜಿಸ್ಟ್ರೇಟರು ಮಧ್ಯಂತರ ಜೀವನಾಂಶ ಕೊಡಿಸಬಹುದೇ?

ಕೊಡಿಸಬಹುದು ಎಂದು ತೀರ್ಪು ಹೇಳಿತು. ಅದರ ತರ್ಕ ಸರಳವಾಗಿತ್ತು. ಒಂದು ನ್ಯಾಯಾಲಯಕ್ಕೆ ಒಂದು ಕೆಲಸವನ್ನು ಒಪ್ಪಿಸಿದ ಮೇಲೆ ಆ ಕೆಲಸ ಸಫಲವಾಗಲು ಏನು ಅಗತ್ಯವೋ ಅದನ್ನೂ ಒಪ್ಪಿಸಿದಂತೆಯೇ ಸರಿ. ಈ ಕಲಂ ಇರುವುದು ನಿರ್ಗತಿಕರು ಉಪವಾಸ ಬೀಳದಿರಲಿ ಎಂದು. ವಿಚಾರಣೆ ಮುಗಿಯಲು ತಿಂಗಳುಗಳು ಹಿಡಿಯುತ್ತವೆ. ಅಷ್ಟು ದಿನ ಅರ್ಜಿದಾರಳು ಬದುಕಿರಬೇಕಾದರೆ ಏನಾದರೂ ಆಧಾರ ಬೇಕು. ಕೊನೆಯ ತೀರ್ಪಿನ ತನಕ ಬದುಕಿರಲು ದಾರಿ ಮಾಡದೆ ಕೊಡುವ ತೀರ್ಪಿನಿಂದ ಪ್ರಯೋಜನವೇನು? ಆರಂಭದಲ್ಲಿ ಪೂರ್ಣ ಸಾಕ್ಷ್ಯಕ್ಕಾಗಿ ಕಾಯಬೇಕಾಗಿಲ್ಲ. ಅರ್ಜಿದಾರಳ ಪ್ರಮಾಣಪತ್ರವನ್ನೇ ಮೇಲ್ನೋಟದ ಆಧಾರವಾಗಿಟ್ಟುಕೊಂಡು ಸೂಕ್ತ ಮೊತ್ತವನ್ನು ಕೊಡಿಸಬಹುದು ಎಂದೂ ತೀರ್ಪು ದಾರಿ ತೋರಿಸಿತು. ವೆಂಕಟರಾಮಯ್ಯನವರು ಹೊಸ ಹಕ್ಕನ್ನೇನೂ ಸೃಷ್ಟಿಸಲಿಲ್ಲ. ಇದ್ದ ಹಕ್ಕು ಹೊತ್ತು ಮೀರಿ ಹಳಸದಂತೆ ನೋಡಿಕೊಂಡರು.

ಅರವತ್ತು ದಿನಗಳ ಮಾತು

ತೀರ್ಪು ಹೇಳಿದ್ದನ್ನು ಸಂಸತ್ತು ಶಾಸನದಲ್ಲಿ ಬರೆಯಲು ಇನ್ನೂ ಹದಿನಾರು ವರ್ಷ ಹಿಡಿಯಿತು. 2001ರ ಸೆಪ್ಟೆಂಬರ್ 24ರಂದು ಜಾರಿಗೆ ಬಂದ ತಿದ್ದುಪಡಿ ಎರಡು ಕೆಲಸ ಮಾಡಿತು. ಐನೂರು ರೂಪಾಯಿಯ ಮಿತಿಯನ್ನು ತೆಗೆದುಹಾಕಿತು. ಮಧ್ಯಂತರ ಜೀವನಾಂಶ ಹಾಗೂ ವ್ಯಾಜ್ಯದ ವೆಚ್ಚವನ್ನು ಕೊಡಿಸುವ ಅಧಿಕಾರವನ್ನು ಸ್ಪಷ್ಟವಾಗಿ ಬರೆದು, ಗಂಡನಿಗೆ ನೋಟೀಸು ತಲುಪಿದ ಅರವತ್ತು ದಿನಗಳೊಳಗೆ, ಸಾಧ್ಯವಾದ ಮಟ್ಟಿಗೆ, ಅಂಥ ಅರ್ಜಿಯನ್ನು ತೀರ್ಮಾನಿಸಬೇಕೆಂದಿತು. ಅದೇ ವರ್ಷ ವಿವಾಹ ಕಾಯಿದೆಗಳಿಗೂ ಈ ಅರವತ್ತು ದಿನದ ಮಾತು ಸೇರಿತು. ಕ್ರೈಸ್ತರಿಗಿದ್ದ ಐದನೆಯ ಒಂದು ಪಾಲಿನ ಗಡಿಯೂ ಹೋಯಿತು. ನಾಲ್ಕು ದಿನಗಳ ನಂತರ, ಸೆಪ್ಟೆಂಬರ್ 28ರಂದು, ಡ್ಯಾನಿಯಲ್ ಲತೀಫಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1986ರ ಕಾಯಿದೆಯನ್ನು ಎತ್ತಿಹಿಡಿಯುತ್ತಲೇ, ಮುಸ್ಲಿಂ ವಿಚ್ಛೇದಿತೆಯ ಮುಂದಿನ ಬದುಕಿಗೂ ಸಾಕಾಗುವ ನ್ಯಾಯವಾದ ಏರ್ಪಾಡನ್ನು ಇದ್ದತ್ ಅವಧಿಯೊಳಗೆ ಗಂಡ ಮಾಡಬೇಕೆಂದು ಅರ್ಥೈಸಿತು. 2006ರಲ್ಲಿ ಜಾರಿಗೆ ಬಂದ ಕೌಟುಂಬಿಕ ದೌರ್ಜನ್ಯ ತಡೆ ಕಾಯಿದೆಯಲ್ಲಿಯೂ ಮಧ್ಯಂತರ ಆದೇಶಕ್ಕೆ ಅವಕಾಶವಿದೆ.

'ಸಾಧ್ಯವಾದ ಮಟ್ಟಿಗೆ' ಎಂಬ ಎರಡು ಪದಗಳು ಎಷ್ಟು ಹಿಗ್ಗಬಲ್ಲವೆಂಬುದನ್ನು ಮುಂದಿನ ವರ್ಷಗಳು ತೋರಿಸಿದವು. 2002ರಲ್ಲಿ ಸಲ್ಲಿಸಿದ ಅರ್ಜಿಯೊಂದು ಕುಟುಂಬ ನ್ಯಾಯಾಲಯದಲ್ಲಿ ತೀರ್ಮಾನವಾದದ್ದು 2011ರಲ್ಲಿ. ಆ ಒಂಬತ್ತು ವರ್ಷ ಆಕೆಗೆ ಮಧ್ಯಂತರ ಜೀವನಾಂಶವೂ ಸಿಕ್ಕಿರಲಿಲ್ಲ. 2014ರಲ್ಲಿ ಸುಪ್ರೀಂ ಕೋರ್ಟು ಈ ವಿಳಂಬದ ಬಗ್ಗೆ ಕಳವಳ ವ್ಯಕ್ತಪಡಿಸಿತು. 2013ರಲ್ಲಿ ನಾಗಪುರದಲ್ಲಿ ಆರಂಭವಾದ ಇನ್ನೊಂದು ಪ್ರಕರಣದಲ್ಲಿ, ಬರೀ ಮಧ್ಯಂತರ ಮೊತ್ತದ ಮೇಲಿನ ತಕರಾರೇ ಏಳು ವರ್ಷ ನಡೆದು ಸುಪ್ರೀಂ ಕೋರ್ಟಿನ ತನಕ ಬಂತು. ಅದನ್ನು ವಿಲೇವಾರಿ ಮಾಡುವಾಗ, 2020ರ ನವೆಂಬರ್ 4ರಂದು, ನ್ಯಾಯಮೂರ್ತಿಗಳಾದ ಇಂದು ಮಲ್ಹೋತ್ರಾ ಮತ್ತು ಆರ್. ಸುಭಾಷ್ ರೆಡ್ಡಿ ಅವರ ಪೀಠ ಇಡೀ ದೇಶಕ್ಕೆ ಅನ್ವಯಿಸುವ ನಿಯಮಗಳನ್ನು ರೂಪಿಸಿತು. ಗಂಡ ಹೆಂಡತಿ ಇಬ್ಬರೂ ತಮ್ಮ ಆದಾಯ, ಆಸ್ತಿ, ಸಾಲಗಳ ವಿವರವನ್ನು ನಿಗದಿತ ನಮೂನೆಯ ಪ್ರಮಾಣಪತ್ರದಲ್ಲಿ ಸಲ್ಲಿಸಬೇಕು. ಜೀವನಾಂಶ ಅರ್ಜಿ ಹಾಕಿದ ದಿನದಿಂದಲೇ ಸಲ್ಲಬೇಕು. ಎಳೆದಾಡಿ ಲಾಭ ಮಾಡಿಕೊಳ್ಳುವ ಹಳೆಯ ಲೆಕ್ಕಾಚಾರಕ್ಕೆ ಈ ಎರಡನೆಯ ನಿಯಮವೇ ದೊಡ್ಡ ಪೆಟ್ಟು. ಆದರೆ ಪ್ರಮಾಣಪತ್ರಗಳು ಬಂದ ನಾಲ್ಕರಿಂದ ಆರು ತಿಂಗಳೊಳಗೆ ಮಧ್ಯಂತರ ಅರ್ಜಿಯನ್ನು ತೀರ್ಮಾನಿಸಲು ಯತ್ನಿಸಬೇಕೆಂದು ಅದೇ ತೀರ್ಪು ಹೇಳಿದೆ. ಕಾನೂನಿನ ಅರವತ್ತು ದಿನಕ್ಕೂ ಕೋರ್ಟುಗಳ ವಾಸ್ತವಕ್ಕೂ ಇರುವ ಅಂತರ ಇದರಲ್ಲಿಯೇ ಗೊತ್ತಾಗುತ್ತದೆ.

ಗಂಡನ ಅಹವಾಲು

ಇದೆಲ್ಲ ಒಂದೇ ಕಡೆಯ ಮಾತಾಯಿತಲ್ಲವೇ ಎಂದು ಕೇಳುವವರಿದ್ದಾರೆ. ತಪ್ಪು ಸಾಬೀತಾಗುವ ಮುಂಚೆಯೇ ಹಣ ತೆರುವುದು ಶಿಕ್ಷೆಯಲ್ಲವೇ? ಒಂದೇ ಹೆಂಡತಿ ಮೂರು ಕಾಯಿದೆಗಳಡಿ ಮೂರು ಅರ್ಜಿ ಹಾಕಿದರೆ ಸಂಬಳದವನ ಗತಿಯೇನು? ಹೆಂಡತಿಯೂ ದುಡಿಯುತ್ತಿದ್ದರೆ?

ಈ ಪ್ರಶ್ನೆಗಳಲ್ಲಿ ಹುರುಳಿಲ್ಲದಿಲ್ಲ. ಕಾನೂನು ಅವನ್ನು ಕಡೆಗಣಿಸಿಯೂ ಇಲ್ಲ. ಒಂದು ಕಾಯಿದೆಯಡಿ ಕೊಡುತ್ತಿರುವ ಹಣವನ್ನು ಇನ್ನೊಂದರಲ್ಲಿ ಲೆಕ್ಕಕ್ಕೆ ಹಿಡಿಯಬೇಕೆಂದು 2020ರ ತೀರ್ಪು ಹೇಳಿತು. ಪರಿಸ್ಥಿತಿ ಬದಲಾದರೆ ಮೊತ್ತವನ್ನು ಇಳಿಸಲು, ಏರಿಸಲು ಅವಕಾಶವಿದೆ. ಆದಾಯ ಮುಚ್ಚಿಟ್ಟ ಹೆಂಡತಿಯ ಪ್ರಮಾಣಪತ್ರವೂ ಗಂಡನದಷ್ಟೇ ಪರಿಶೀಲನೆಗೆ ಒಳಪಡುತ್ತದೆ. ಅಷ್ಟಿಷ್ಟು ದುಡಿಮೆಯಿದ್ದ ಮಾತ್ರಕ್ಕೆ ಹೆಂಡತಿಯ ಹಕ್ಕು ಹೋಗುವುದಿಲ್ಲ, ತೀರ ನಿರ್ಗತಿಕಳಾಗುವ ತನಕ ಆಕೆ ಕಾಯಬೇಕಾಗಿಲ್ಲ ಎಂದು 2007ರಲ್ಲಿಯೇ ತೀರ್ಮಾನವಾಗಿದೆ. ಮೈಯಲ್ಲಿ ಶಕ್ತಿಯಿರುವವನು ಕೆಲಸವಿಲ್ಲವೆಂದು ಹೇಳಿ ನುಣುಚಿಕೊಳ್ಳುವಂತಿಲ್ಲ. ಜೈಲಿನಲ್ಲಿ ಕೂತು ಬಂದರೂ ಬಾಕಿ ತೀರುವುದಿಲ್ಲ; ಜೈಲು ಹಣ ಕಕ್ಕಿಸುವ ಉಪಾಯವೇ ಹೊರತು ಹಣಕ್ಕೆ ಬದಲಿಯಲ್ಲ ಎಂದು 1988ರಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟಪಡಿಸಿತು. ಎಲ್ಲಕ್ಕಿಂತ ಮುಖ್ಯವಾಗಿ, ಮಧ್ಯಂತರ ಜೀವನಾಂಶ ಯಾರ ತಪ್ಪಿಗೂ ವಿಧಿಸಿದ ದಂಡವಲ್ಲ. ಮನೆಯಲ್ಲಿದ್ದಾಗ ಹೆಂಡತಿ ಮಕ್ಕಳ ಊಟಕ್ಕೆ, ಬಟ್ಟೆಗೆ, ಶಾಲೆಗೆ ಖರ್ಚಾಗುತ್ತಿದ್ದ ಹಣವೇ ಅದು. ಹೋಗುವ ವಿಳಾಸ ಬೇರೆಯಾಗಿದೆ, ಅಷ್ಟೆ.

ತಂದೆಯ ತೀರ್ಪು, ಮಗಳ ತೀರ್ಪು

2024ರ ಜುಲೈ 1ರಿಂದ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ ಜಾಗಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ. 316, 536, 488, 125 ಎಂದು ಬದಲಾಗುತ್ತ ಬಂದ ಕಲಂ ಈಗ 144ನೆಯದು. ಮಧ್ಯಂತರ ಜೀವನಾಂಶವೂ ಅರವತ್ತು ದಿನದ ಮಾತೂ ಅದರಲ್ಲಿ ಉಳಿದಿವೆ.

ಅದಾದ ಹತ್ತೇ ದಿನಕ್ಕೆ, ಜುಲೈ 10ರಂದು, ಸುಪ್ರೀಂ ಕೋರ್ಟಿನಿಂದ ಒಂದು ತೀರ್ಪು ಬಂತು. ತೆಲಂಗಾಣದ ಕುಟುಂಬ ನ್ಯಾಯಾಲಯವೊಂದು ಮುಸ್ಲಿಂ ವಿಚ್ಛೇದಿತೆಯೊಬ್ಬಳಿಗೆ ತಿಂಗಳಿಗೆ ಇಪ್ಪತ್ತು ಸಾವಿರ ರೂಪಾಯಿ ಮಧ್ಯಂತರ ಜೀವನಾಂಶ ಕೊಡಿಸಿತ್ತು. ಹೈಕೋರ್ಟು ಅದನ್ನು ಹತ್ತು ಸಾವಿರಕ್ಕೆ ಇಳಿಸಿತು. 1986ರ ಪ್ರತ್ಯೇಕ ಕಾಯಿದೆ ಇರುವಾಗ 125ನೇ ಕಲಂ ತನಗೆ ಅನ್ವಯಿಸುವುದೇ ಇಲ್ಲ ಎಂಬುದು ಗಂಡನ ವಾದ. ಅನ್ವಯಿಸುತ್ತದೆ ಎಂದು ಇಬ್ಬರು ನ್ಯಾಯಮೂರ್ತಿಗಳೂ ಪ್ರತ್ಯೇಕವಾಗಿ ಬರೆದು ಒಮ್ಮತದ ತೀರ್ಪಿತ್ತರು. ಅವರಲ್ಲಿ ಒಬ್ಬರು ನ್ಯಾಯಮೂರ್ತಿ ಅಗಸ್ಟೀನ್ ಜಾರ್ಜ್ ಮಸೀಹ್. ಇನ್ನೊಬ್ಬರು ನ್ಯಾಯಮೂರ್ತಿ ಬಿ.ವಿ. ನಾಗರತ್ನ, 1985ರಲ್ಲಿ ಸಾವಿತ್ರಿ ಪ್ರಕರಣದ ತೀರ್ಪು ಬರೆದ ವೆಂಕಟರಾಮಯ್ಯನವರ ಮಗಳು. ಸ್ವಂತ ವರಮಾನವಿಲ್ಲದ ಗೃಹಿಣಿಯ ಕೈಯಲ್ಲಿ ಹಣ ಓಡಾಡುವಂತೆ ಗಂಡಂದಿರು ನೋಡಿಕೊಳ್ಳಬೇಕು, ಬ್ಯಾಂಕಿನಲ್ಲಿ ಜಂಟಿ ಖಾತೆಯಂಥ ಏರ್ಪಾಡುಗಳು ಇರಬೇಕು ಎಂದು ಅವರು ತಮ್ಮ ತೀರ್ಪಿನಲ್ಲಿ ಬರೆದರು. ತಂದೆ ಕೋರ್ಟಿಗೆ ಬಂದವಳ ಹಸಿವಿನ ಬಗ್ಗೆ ಯೋಚಿಸಿದ್ದರು. ಮಗಳು ಕೋರ್ಟಿಗೆ ಬರುವ ಮುಂಚಿನ ಮನೆಯ ಬಗ್ಗೆಯೂ ಯೋಚಿಸಿದರು.

ಕಲ್ಯಾಣದ ವಿಜ್ಞಾನೇಶ್ವರನಿಂದ ಇಲ್ಲಿಯ ತನಕ ಗಂಡನಿಗೆ ಈ ಹೊಣೆ ಇಲ್ಲವೆಂದು ಯಾವ ಕಾಲದ ಕಾನೂನೂ ಹೇಳಲಿಲ್ಲ. ಎಷ್ಟು ಕೊಡಬೇಕು, ಯಾರಿಗೆ ಕೊಡಬೇಕು ಎಂದು ಚರ್ಚಿಸುತ್ತಲೇ ಕಾಲ ಕಳೆಯಿತು. ಯಾವಾಗ ಕೊಡಬೇಕು ಎಂಬ ಪ್ರಶ್ನೆ ಎಲ್ಲಕ್ಕಿಂತ ಕೊನೆಗೆ ಬಂತು. ನೋಟೀಸು ತಲುಪಿದ ಅರವತ್ತನೆಯ ದಿನ ಯಾವ ಮ್ಯಾಜಿಸ್ಟ್ರೇಟರಿಗೂ ಮರೆತುಹೋಗಬಹುದು. ಮನೆಯಲ್ಲಿ ಅಕ್ಕಿಯ ಡಬ್ಬ ಬರಿದಾಗುವ ದಿನ ಯಾವುದೆಂದು ತಾಯಿಗೆ ಚೆನ್ನಾಗಿ ನೆನಪಿರುತ್ತದೆ. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎಂಬ ಇನ್ನೊಂದು ಗಾದೆಯನ್ನು ಕಟ್ಟಿದವರು ಈ ಮಾತನ್ನು ಬಲ್ಲವರೇ ಇರಬೇಕು.